ಕಂಬಿ ಇರುವ ಮೆಟ್ಟಿಲು

ಬಟ್ಟಂಬಾಂಗ್
ಫೆಬ್ರವರಿ ೧೨, ೨೦೦೬

ನನ್ನ ಮುದ್ದು ಮಾಲಿಸ್‌ಗೆ,

ನೀನು, ಅಳಿಯಂದಿರು, ನನ್ನ ಪುಟ್ಟಿ, ಎಲ್ಲರೂ ಚೆನ್ನಾಗಿದ್ದೀರಿ ಅಂದುಕೊಂಡು ಬರೆಯುತ್ತಿದ್ದೇನೆ. ನಾನು ಕಲ್ಲುಗುಂಡಿನ ಹಾಗಿದ್ದೇನೆ. ನೀನು ಕಳಿಸಿದ ಕಾಂಪೋಟಿನ ಉಪ್ಪು ತಲುಪಿತು. ಮೀನಿನ ಸಾರಿಗೆ ಅದನ್ನೇ ಹಾಕುತ್ತಿದ್ದೇನೆ, ಗಿರಾಕಿಗಳು ಬಟ್ಟಲನ್ನು ನೆಕ್ಕುವುದೊಂದು ಬಾಕಿ.

ನಿನ್ನ ಕಾಗದ ಬಂದು ತಿಂಗಳಾಗುತ್ತಾ ಬಂತು, ಉತ್ತರ ಬರೆಯಲಿಲ್ಲ. ನೀನು ಪಕ್ಕದ ಅಂಗಡಿಯ ಫೋನಿಗೂ ಮಾಡಿದ್ದೆ. ಆಗ ನಾನು ಅಲ್ಲೇ ಇದ್ದೆ ಮಗಳೇ, ಇಲ್ಲ ಅಂತ ಹೇಳಿಸಿದೆ. ಬೈಯಬೇಡ. ನನ್ನ ಹತ್ತಿರ ಒಂದು ಸುದ್ದಿಯಿದೆ, ಅದು ಫೋನಿನಲ್ಲಿ ಹೇಳುವಂಥದ್ದಲ್ಲ. ಫೋನಿನಲ್ಲಿ ನೀನು ನಡುವೆ ಬಾಯಿ ಹಾಕುತ್ತೀಯ, ನಾನು ಹೇಳಬೇಕಾದ್ದನ್ನು ನುಂಗಿಕೊಂಡು ಬದನೆಕಾಯಿ ಬೆಲೆ ಹೇಳಿ ಇಟ್ಟುಬಿಡುತ್ತೇನೆ. ಕಾಗದದಲ್ಲಾದರೆ ನೀನು ಸುಮ್ಮನಿರಲೇಬೇಕು. ಈಗ ಶಾವಿಗೆಯೆಲ್ಲ ಖರ್ಚಾಗಿದೆ, ಪಾತ್ರೆ ತೊಳೆದಾಯಿತು. ಕೂತು ಮೊದಲಿನಿಂದ ಹೇಳುತ್ತೇನೆ.

ನಮ್ಮ ವಿಹಾರದ ಹಿರಿಯ ಗುರುಗಳು ಊರಿನ ಮುದುಕ ಮುದುಕಿಯರನ್ನು ಅಂಗ್ಕೋರ್‌ಗೆ ಕರೆದುಕೊಂಡು ಹೋಗಬೇಕು ಅಂತ ಎಷ್ಟೋ ವರ್ಷದಿಂದ ಹೇಳುತ್ತಿದ್ದರಲ್ಲ, ಈ ಸಲ ಬಸ್ಸು ಗೊತ್ತಾಯಿತು. ನಾನು ಒಲ್ಲೆ ಅಂದೆ. ಅಂಗಡಿ ಮುಚ್ಚಿದರೆ ಗಿರಾಕಿ ತಪ್ಪುತ್ತದೆ ಅಂತ. ಮೀನು ಮಾರುವ ಫಲ್ಲಿ ಕೇಳಬೇಕಲ್ಲ! ನನ್ನ ಅಂಗಡಿ ಮುಂದೆ ಸೊಂಟಕ್ಕೆ ಕೈ ಕೊಟ್ಟು ನಿಂತು, "ಐವತ್ತು ದಾಟಿದೆ ನಿಂಗೆ. ಅಂಗ್ಕೋರ್ ವಾಟನ್ನ ಬಾವುಟದ ಮೇಲೆ ನೋಡಿದ್ದೀಯ, ಬಿಯರ್ ಡಬ್ಬಿ ಮೇಲೆ ನೋಡಿದ್ದೀಯ. ಸತ್ತ ಮೇಲೆ ಯಮ ಕೇಳಿದರೆ ಡಬ್ಬಿ ತೋರಿಸ್ತೀಯಾ?" ಅಂದಳು. ಇಡೀ ಮಾರುಕಟ್ಟೆ ನಕ್ಕಿತು. ಮರ್ಯಾದೆಗಾದರೂ ಹೊರಡಬೇಕಾಯಿತು.

ಸಿಸೋಫೋನ್ ದಾಟಿದ ಮೇಲೆ ರಸ್ತೆ ಅನ್ನುವುದು ಬರೀ ಹೆಸರಿಗೆ. ಬಸ್ಸು ಒಂದು ಗುಂಡಿಯಲ್ಲಿ ಕೂತೇ ಬಿಟ್ಟಿತು, ಎಲ್ಲರೂ ಇಳಿದು ತಳ್ಳಿದೆವು. ಸಿಯೆಮ್ ರಿಯಪ್ ತಲುಪುವಾಗ ಕೆಂಪು ಧೂಳು ಹಿಡಿದು ಎಲ್ಲರೂ ಸುಟ್ಟ ಇಟ್ಟಿಗೆಯ ಹಾಗೆ ಕಾಣುತ್ತಿದ್ದೆವು. ಅಲ್ಲಿನ ಒಂದು ವಿಹಾರದಲ್ಲಿ ಚಾಪೆ ಹಾಸಿ ಮಲಗಿದೆವು. ಬೆಳಿಗ್ಗೆ ಮಿಂದು, ಬಿಳಿ ರವಿಕೆ ತೊಟ್ಟು, ಗಂಟಿನಲ್ಲಿಟ್ಟಿದ್ದ ರೇಷ್ಮೆ ಸಂಪೋತ್ ಉಟ್ಟು ಹೊರಗೆ ಬಂದರೆ, ನಮ್ಮನ್ನು ಕರೆದೊಯ್ಯಲು ಒಬ್ಬ ಹುಡುಗಿ ನಿಂತಿದ್ದಳು. ಸಿನೂನ್ ಅಂತ ಹೆಸರು, ಗುರುಗಳ ತಂಗಿಯ ಮೊಮ್ಮಗಳು. ಹೊಸದಾಗಿ ಗೈಡ್ ಆಗಿದ್ದಾಳೆ. ಕಲಿತದ್ದೆಲ್ಲ ಜಪಾನಿನವರಿಗೆ ಹೇಳುವುದಕ್ಕಂತೆ. ನಮ್ಮ ಭಾಷೆಯಲ್ಲಿ ಹೇಳುವುದು ಇದೇ ಮೊದಲು. ಕೈಯಲ್ಲಿ ಪುಟ್ಟ ಮೈಕು, ಇನ್ನೊಂದು ಕೈಯಲ್ಲಿ ಹಳದಿ ಬಾವುಟ. "ಗೌರವಾನ್ವಿತ ಅತಿಥಿಗಳೇ, ಕಾಂಬೋಡಿಯಕ್ಕೆ ತಮಗೆ ಸ್ವಾಗತ" ಅಂದಳು.

ಫಲ್ಲಿ, "ಯಾಕವ್ವಾ, ನಾವೇನು ಇಷ್ಟು ದಿನ ಥಾಯ್ಲೆಂಡಿನಲ್ಲಿದ್ವಾ?" ಅಂದಳು.

ಪಾಪ, ಹುಡುಗಿಯ ಕಿವಿ ಕೆಂಪಾಯಿತು. ಆದರೆ ಚುರುಕು ಹುಡುಗಿ ಮಾಲಿಸ್, ಬೇಗ ಸುಧಾರಿಸಿಕೊಂಡಳು. ಪಶ್ಚಿಮದ ಬಾಗಿಲಲ್ಲಿ ನಿಂತು, "ಇದು ಎಂಟು ಕೈಗಳ ವಿಷ್ಣು" ಅಂತ ಶುರು ಮಾಡಿದಳು. ನಾವೆಲ್ಲ ಅಷ್ಟು ಹೊತ್ತಿಗೆ ಚಪ್ಪಲಿ ಬಿಟ್ಟು, ಊದುಬತ್ತಿ ಹಚ್ಚಿ, ಆ ಮೂರ್ತಿಗೆ, ನಮ್ಮ ತಾ ರೀಚ್ ಅಜ್ಜನಿಗೆ, ಅಡ್ಡಬಿದ್ದಾಗಿತ್ತು. ಫಲ್ಲಿ ತಲೆಯೆತ್ತದೆಯೇ, "ಮೆಲ್ಲಗೆ ಮಗಾ, ದೊಡ್ಡವರನ್ನ ಹೆಸರು ಹಿಡಿದು ಕರೀತಾರಾ?" ಅಂದಳು. ಹುಡುಗಿ ಮೈಕು ಕೆಳಗಿಟ್ಟಳು, ತಾನೂ ಒಂದು ಊದುಬತ್ತಿ ಇಸಿದುಕೊಂಡಳು. ಅಲ್ಲಿಂದ ಮುಂದೆ ಅವಳು ನಮ್ಮ ಮನೆಯ ಹುಡುಗಿಯಾದಳು.

ನಿನಗೆ ಹೇಗೆ ಹೇಳಲಿ? ಆ ಕಲ್ಲುಹಾದಿಯ ಮೇಲೆ ನಡೆಯುವಾಗ ಗೋಪುರಗಳು ಒಂದರ ಹಿಂದೊಂದು ಅಡಗಿ ಮತ್ತೆ ಇಣುಕುತ್ತವೆ. ನನಗೆ ಸುಮ್ಮನೆ ನಗು ಬರುತ್ತಿತ್ತು. ಬೆಳಗಿನ ಗಾಳಿ ತಂಪಾಗಿತ್ತು, ಯಾರೋ ಕಮಲದ ಬೀಜ ಮಾರುತ್ತಿದ್ದರು, ಬಿಳಿಯರ ಒಂದು ಗುಂಪು ನಮ್ಮ ಫೋಟೋ ತೆಗೆಯಿತು. ಫಲ್ಲಿ ಅವರಲ್ಲಿ ಒಬ್ಬ ಉದ್ದನೆಯವನ ತೋಳು ಹಿಡಿದು, "ಇವನ ಜೊತೆ ನಂದೂ ಒಂದು ತೆಗೀರಿ, ಮನೆಯಲ್ಲಿರೋರ ಹೊಟ್ಟೆ ಉರೀಲಿ" ಅಂದಳು. ಸಿನೂನ್ ಅದನ್ನು ಅವನಿಗೆ ಹೇಳಲೇ ಇಲ್ಲ, ಏನು ಹೇಳಿದಳೋ, ಅವನು ಕೈಮುಗಿದ.

ದೇವಾಸುರರು ಹಾಲ್ಗಡಲು ಕಡೆಯುವ ಗೋಡೆಯ ಮುಂದೆ ಅವಳು ಬಹಳ ಚೆನ್ನಾಗಿ ಹೇಳಿದಳು. ಈ ಕಡೆ ಇವರು, ಆ ಕಡೆ ಅವರು, ನಡುವೆ ಹಾವು, ಮೇಲೆ ನೊರೆಯಿಂದೆದ್ದ ಅಪ್ಸರೆಯರು. ಎಲ್ಲರೂ ಬಾಯಿ ಬಿಟ್ಟುಕೊಂಡು ಕೇಳುತ್ತಿರುವಾಗ ಹಿಂದಿನಿಂದ ಒಂದು ದನಿ ಬಂತು. "ಇಷ್ಟು ಜನ ಇಲ್ಲಿ ಎಳೀತಾ ನಿಂತಿದಾರೆ. ನಿನ್ನೆ ನಮ್ಮ ಬಸ್ಸು ಕೂತಾಗ ಒಬ್ಬನೂ ಬರಲಿಲ್ಲ ನೋಡಿ."

ಅದು ಯೂನ್. ನಿನಗೆ ನೆನಪಿರಬೇಕು, ವಿಹಾರದ ವಾದ್ಯಮೇಳದಲ್ಲಿ ರೊನೆಯಾತ್ ನುಡಿಸುವವರು, ಬಿದಿರಿನ ಪಟ್ಟಿಗಳ ಮೇಲೆ ಕೋಲು ಆಡಿಸುತ್ತಾ ಯಾವಾಗಲೂ ಕಣ್ಣು ಮುಚ್ಚಿಕೊಂಡಿರುವವರು. ಅವರ ಹೆಂಡತಿ ಜ್ವರದಲ್ಲಿ ತೀರಿಕೊಂಡು ಆರು ವರ್ಷವಾಯಿತು. ದಿನಾ ಬೆಳಿಗ್ಗೆ ನನ್ನ ಅಂಗಡಿಗೆ ಬರುತ್ತಾರೆ. ಬಾಳೆಹೂವು ಜಾಸ್ತಿ, ಖಾರ ಕಡಿಮೆ. ತಿಂದು, "ಚೆನ್ನಾಗಿತ್ತು ತಾವ್ರಿಯವರೇ" ಅಂತ ಹೇಳಿ ಹೋಗುತ್ತಾರೆ. ಅಷ್ಟೇ ಮಾತು.

ಈಗ ಕೇಳು. ನಡುವಿನ ಗೋಪುರಕ್ಕೆ ಹತ್ತುವ ಮೆಟ್ಟಿಲು ನೋಡಿದ್ದೀಯಲ್ಲ, ಶಾಲೆಯ ಮಕ್ಕಳನ್ನು ಕರೆದುಕೊಂಡು ಹೋಗಿದ್ದೆ ಅಂದಿದ್ದೆ. ಅದು ಮೆಟ್ಟಿಲಲ್ಲ, ಗೋಡೆ. ಸಿನೂನ್, "ವಯಸ್ಸಾದವರು ಇಲ್ಲೇ ನೆರಳಲ್ಲಿ ಕೂತ್ಕೊಳ್ಳಿ" ಅಂದಳು. ಫಲ್ಲಿ ನನ್ನ ಕಡೆ ನೋಡಿ, "ಕೂತ್ಕೋ ಅಜ್ಜಿ, ಕೂತ್ಕೋ" ಅಂದಳು. ಅವಳು ನನಗಿಂತ ದೊಡ್ಡವಳು! ನನಗೆ ಎಲ್ಲಿತ್ತೋ ರೋಷ, ಸಂಪೋತನ್ನು ಕಚ್ಚೆ ಹಾಕಿ ಬಿಗಿದು, ನಾಲ್ಕು ಕಾಲಿನಲ್ಲಿ ಹತ್ತಿಯೇ ಬಿಟ್ಟೆ. ಕೆಳಗಿನಿಂದ ಎಲ್ಲರೂ ಚಪ್ಪಾಳೆ ತಟ್ಟಿದರು. ಮೇಲೆ ಹೋಗಿ ನಿಂತರೆ, ಅಯ್ಯೋ ಮಾಲಿಸ್, ಕಾಡು, ಕಾಡಿನ ಮೇಲೆ ಕಾಡು, ದೂರದಲ್ಲಿ ಹೊಗೆಯಂತೆ ಬೆಟ್ಟ. ಬುದ್ಧನ ಮುಂದೆ ಕೂತು ನಿಮ್ಮೆಲ್ಲರ ಹೆಸರು ಹೇಳಿ ಬೇಡಿಕೊಂಡೆ. ಗೆದ್ದವಳ ಹಾಗೆ ಎದ್ದು ಬಂದು, ಇಳಿಯೋಣ ಅಂತ ಕೆಳಗೆ ನೋಡಿದೆ.

ಮೆಟ್ಟಿಲೇ ಕಾಣಲಿಲ್ಲ, ಬರೀ ಗಾಳಿ ಕಂಡಿತು. ಅಲ್ಲೇ ಕುಸಿದು ಕೂತು ಕಂಬ ತಬ್ಬಿಕೊಂಡೆ. ಕೆಳಗೆ ಸಿನೂನ್ ಗಾಬರಿಯಾಗಿ ಮೈಕು ಹಿಡಿದು, "ಗೌರವಾನ್ವಿತ ಅತಿಥಿಗಳೇ, ದಯವಿಟ್ಟು ಗಾಬರಿಯಾಗಬೇಡಿ" ಅಂತ ಅಳುವ ದನಿಯಲ್ಲಿ ಕೂಗುತ್ತಿದ್ದಳು. ಫಲ್ಲಿ ಅದನ್ನು ಕಿತ್ತುಕೊಂಡು, "ತಾವ್ರೀ, ಇಳೀಯೇ! ಕ್ರಲಾನ್ ತಿಂದು ಮುಗಿಸ್ತಿದೀವಿ!" ಅಂತ ಕೂಗಿದಳು. ಬಿದಿರಿನಲ್ಲಿ ಬೇಯಿಸಿದ ಆ ತೆಂಗಿನಹಾಲಿನ ಅನ್ನ ನನಗೆಷ್ಟು ಇಷ್ಟ ನಿನಗೆ ಗೊತ್ತು. ಆದರೂ ಅಲ್ಲಾಡಲಾಗಲಿಲ್ಲ.

ಆಗ ಯೂನ್ ಹತ್ತಿ ಬಂದರು. ಅವರ ಎಡ ಮಂಡಿ ನೋವಿನದು. ಏದುಸಿರು ಬಿಡುತ್ತಾ ಬಂದು ನನ್ನ ಪಕ್ಕ ಕೂತರು. ಕೈ ಹಿಡಿಯಲಿಲ್ಲ, ಧೈರ್ಯ ಹೇಳಲಿಲ್ಲ. ಕಲ್ಲಿನ ಮೇಲೆ ಬೆರಳಿನಿಂದ ಏನೋ ನುಡಿಸುತ್ತಾ ಕೂತರು. ಸ್ವಲ್ಪ ಹೊತ್ತಿಗೆ ನನ್ನ ಎದೆಬಡಿತ ತಹಬಂದಿಗೆ ಬಂತು.

"ಓನ್," ಅಂದರು.

ಅಂಗಡಿಯಲ್ಲಿ ಕರೆಯುವ ಹಾಗೆ ತಾವ್ರಿಯವರೇ ಅನ್ನಲಿಲ್ಲ ಮಗಳೇ. ಓನ್ ಅಂದರು, ನಿನ್ನ ಗಂಡ ನಿನ್ನನ್ನು ಕರೆಯುವ ಹಾಗೆ. ನಾನು ಆ ಕಡೆ ಈ ಕಡೆ ನೋಡಿದೆ, ಬೇರೆ ಯಾರಾದರೂ ಇದ್ದಾರೇನೋ ಅಂತ.

"ನನಗೆ ಬಾಳೆಹೂವು ಅಷ್ಟೊಂದು ಇಷ್ಟ ಇಲ್ಲ," ಅಂದರು. "ಅದನ್ನ ಹೆಚ್ಚೋಕೆ ನೀನು ಜಾಸ್ತಿ ಹೊತ್ತು ನಿಲ್ತೀಯ ಅಂತ ಕೇಳ್ತಿದ್ದೆ."

ನೆಲದಿಂದ ಅಷ್ಟೆತ್ತರದಲ್ಲಿ ನಾನು ಕಂಬವನ್ನು ಇನ್ನಷ್ಟು ಬಿಗಿಯಾಗಿ ತಬ್ಬಿಕೊಂಡೆ.

"ನಾವಿಬ್ರೂ ಒಂದೇ ಮನೇಲಿ ಇರಬಹುದಲ್ಲ," ಅಂದರು. "ಮದುವೆ ಮಾಡ್ಕೊಂಡು. ಗುರುಗಳನ್ನ ಕೇಳಿ, ನಿನ್ನ ಮಗಳನ್ನ ಕೇಳಿ."

"ಮೊದಲು ಇಳಿಸಿ ನನ್ನ!" ಅಂತ ಕಿರುಚಿದೆ.

ಅವರು ಕೈ ಚಾಚಿ ತೋರಿಸಿದರು. ಗೋಪುರದ ಇನ್ನೊಂದು ಮಗ್ಗುಲಲ್ಲಿ ಕಬ್ಬಿಣದ ಕಂಬಿ ಹಾಕಿದ ಮೆಟ್ಟಿಲು ಇತ್ತು. ಜನ ಸಾಲಾಗಿ ಆರಾಮವಾಗಿ ಇಳಿಯುತ್ತಿದ್ದರು. ಒಬ್ಬಳು ಬಸುರಿಯೂ ಇದ್ದಳು.

"ಇದನ್ನ ಮೊದಲೇ ಹೇಳಬಾರದಾಗಿತ್ತಾ?"

"ಹೇಳಿದ್ರೆ ನೀನು ಇಳಿದುಬಿಡ್ತಿದ್ದೆ."

ನನಗೆ ನಗು ಬಂತು ನೋಡು, ಕಂಬ ಬಿಟ್ಟುಬಿಟ್ಟೆ. ಹೊಟ್ಟೆ ಹಿಡಿದುಕೊಂಡು ನಕ್ಕೆ. ಕಂಬಿ ಹಿಡಿದು ಹಿಮ್ಮುಖವಾಗಿ ಇಳಿಯುವಾಗಲೂ ನಗುತ್ತಿದ್ದೆ. ಅವರು ನನಗಿಂತ ಒಂದು ಮೆಟ್ಟಿಲು ಕೆಳಗೆ, ಮಂಡಿ ನೋವಿಗೆ ಹಾ ಹೂ ಅನ್ನುತ್ತಾ. ಕೆಳಗೆ ಬಂದಾಗ ಸಿನೂನ್ ನನ್ನನ್ನು ತಬ್ಬಿಕೊಂಡು ಅತ್ತೇಬಿಟ್ಟಳು. "ಅಜ್ಜಿ, ಮೊದಲನೇ ದಿನಾನೇ ಒಬ್ಬರನ್ನ ಕಳ್ಕೊಂಡೆ ಅಂದ್ಕೊಂಡೆ" ಅಂದಳು. ಫಲ್ಲಿ ಅಳಲಿಲ್ಲ. ಕಣ್ಣು ಕಿರಿದು ಮಾಡಿ ನನ್ನ ಮುಖವನ್ನೂ ಯೂನ್ ಮುಖವನ್ನೂ ನೋಡಿದಳು. ಮೀನು ತಾಜಾ ಇದೆಯೋ ಇಲ್ಲವೋ ಅಂತ ನೋಡುವ ಹಾಗೆ.

ಸ್ರಾ ಸ್ರಂಗ್ ಕೆರೆಯ ದಂಡೆಯಲ್ಲಿ ಬುತ್ತಿ ಬಿಚ್ಚಿದೆವು. ಅನ್ನ, ಒಣಮೀನು, ಹುಳಿಸಿದ ಮೀನಿನ ಪ್ರಹೋಕ್, ಹಸಿ ಬದನೆಕಾಯಿ. ನಾನು ಅನ್ನವನ್ನು ಕಲಸುತ್ತಲೇ ಇದ್ದೆ. ಈ ವಯಸ್ಸಿನಲ್ಲಿ ಇದೇನು, ಜನ ಏನನ್ನುತ್ತಾರೆ, ಮಾಲಿಸ್ ಏನನ್ನುತ್ತಾಳೆ ಅಂತ ಲೆಕ್ಕ ಹಾಕುತ್ತಿದ್ದೆ. ಯೂನ್ ಅವರೋ, ಮರದ ಬುಡದಲ್ಲಿ ಹೆಗಲ ಮೇಲಿನ ಕ್ರಮಾ ಬಟ್ಟೆಯನ್ನು ಮುಖದ ಮೇಲೆ ಹಾಕಿಕೊಂಡು ಗೊರಕೆ ಹೊಡೆಯುತ್ತಿದ್ದರು! ಕೇಳಬೇಕಾದ್ದನ್ನು ಕೇಳಿಯಾಯಿತು, ಇನ್ನು ನಿದ್ದೆ. ನನಗೆ ಅದು ಯಾಕೋ ಬಹಳ ಹಿಡಿಸಿತು.

ಮಧ್ಯಾಹ್ನ ಬಾಯೋನ್ ಗುಡಿಗೆ ಹೋದೆವು. ಎಲ್ಲರೂ ಕತ್ತೆತ್ತಿ ಆ ದೊಡ್ಡ ದೊಡ್ಡ ಮುಖಗಳನ್ನು ನೋಡುತ್ತಿದ್ದರೆ ಸಿನೂನ್ ನನ್ನ ಕೈ ಹಿಡಿದು ಕೆಳಗಿನ ಗೋಡೆಗೆ ಕರೆದೊಯ್ದಳು. ಅಲ್ಲಿ ರಾಜರಿಲ್ಲ ಮಾಲಿಸ್, ನಾವೇ ಇದ್ದೇವೆ. ಕೋಳಿ ಜಗಳ ಆಡಿಸುವವರು, ಹಂದಿಯನ್ನು ಹಂಡೆಗೆ ಇಳಿಸುವವರು, ಮೀನು ತೂಗಿ ಕೊಡುವ ಹೆಂಗಸು. "ಅಲ್ನೋಡಿ ಫಲ್ಲಿ ಅಜ್ಜಿ" ಅಂತ ಎಲ್ಲರೂ ಕೂಗಿದರು. ಫಲ್ಲಿ ಆ ಕಲ್ಲಿನ ಹೆಂಗಸನ್ನು ಸವರಲು ಹೋಗಿ, ಮುಟ್ಟಬಾರದು ಅಂತ ಬೈಸಿಕೊಂಡು, "ತೂಕದಲ್ಲಿ ಮೋಸ ಮಾಡ್ತಿದಾಳೆ ಕಣ್ರೇ" ಅಂದಳು. ಆಮೇಲೆ ಎಲ್ಲರ ಮುಂದೆಯೇ ನನ್ನ ಕಡೆ ತಿರುಗಿ, "ಈಗ ಹೇಳು. ಮೇಲೆ ಏನು ನಡೀತು?" ಅಂದಳು.

ಯೂನ್ ನೆಲ ನೋಡಿದರು. ಅವರ ಕಿವಿ ಕೆಂಪಗಾಗಿದ್ದವು. ಆ ಎಂಟಾಳೆತ್ತರದ ಮೆಟ್ಟಿಲು ಹತ್ತಿ ಬಂದ ಮನುಷ್ಯನಿಗೆ ಫಲ್ಲಿಯ ಮುಂದೆ ಬಾಯಿ ಬರಲಿಲ್ಲ. ಇನ್ನು ನಾನೇ ಮಾತಾಡಬೇಕಿತ್ತು.

"ಕೋಳಿ ಕೂಗೋ ಮೊದಲು ಎದ್ದು ಅಕ್ಕಿ ರುಬ್ಬಬೇಕು," ಅಂದೆ ಅವರಿಗೆ. "ಆಮೇಲೆ ಶಾವಿಗೆ ಒತ್ತಬೇಕು. ರಟ್ಟೆ ಬಿದ್ದುಹೋಗುತ್ತೆ. ಏಳ್ತೀರಾ?"

"ಒತ್ತೋದು ತಾಳದ ಕೆಲಸ," ಅಂದರು. "ತಾಳ ನನ್ನ ಹತ್ತಿರ ಇದೆ."

"ಹಾಗಾದ್ರೆ ಬನ್ನಿ."

ಅಷ್ಟೇ ಮಗಳೇ. ಅಷ್ಟೇ ಹೇಳಿದ್ದು. ಒಂದು ಗಳಿಗೆ ಯಾರಿಗೂ ಅರ್ಥವಾಗಲಿಲ್ಲ. ಆಮೇಲೆ ಎಂಥ ಗಲಾಟೆ! ಫಲ್ಲಿ ಕುಣಿದಳು, ನಿಜವಾಗಿ ಕುಣಿದಳು, ಕೈ ತಿರುವಿ. ಜಪಾನಿನವರ ಒಂದು ಗುಂಪು ಇದೂ ನೋಡಬೇಕಾದದ್ದೇ ಅಂದುಕೊಂಡು ಸುತ್ತ ನಿಂತಿತು. ಸಿನೂನ್ ಮೈಕೆತ್ತಿಕೊಂಡು ಅವರ ಭಾಷೆಯಲ್ಲಿ ಏನೋ ಹೇಳಿ, ನಮಗೆ, "ಗೌರವಾನ್ವಿತ ಅತಿಥಿಗಳೇ, ಎಡಗಡೆ ಬಾಯೋನ್, ಬಲಗಡೆ ಮದುಮಕ್ಕಳು. ಎರಡಕ್ಕೂ ಫೋಟೋ ತೆಗೀಬಹುದು!" ಅಂದಳು. ಇಡೀ ಜಪಾನು ನನಗೆ ಬಗ್ಗಿ ನಮಸ್ಕಾರ ಮಾಡಿತು.

ಗುರುಗಳು ಒಪ್ಪಿದ್ದಾರೆ. ಭಿಕ್ಷುಗಳ ಮಳೆಗಾಲದ ವ್ರತಕ್ಕೆ ಮೊದಲು ಒಳ್ಳೆಯ ದಿನ ನೋಡುತ್ತೇವೆ ಅಂದಿದ್ದಾರೆ. ನಾನು ಮಾತ್ರ, ಮಾಲಿಸ್ ಹೂಂ ಅನ್ನುವ ತನಕ ದಿನ ಇಡಬೇಡಿ ಅಂದಿದ್ದೇನೆ. ನಿನಗೆ ಒಪ್ಪಿಗೆಯಿಲ್ಲದಿದ್ದರೆ ಹೇಳಿಬಿಡು, ನಾನು ಅತ್ತುಕೊಂಡು ಕೂರುವವಳಲ್ಲ. ಒಪ್ಪಿಗೆಯಾದರೆ ಪುಟ್ಟಿಗೆ ಒಂದು ಗುಲಾಬಿ ಬಣ್ಣದ ಅಂಗಿ ಹೊಲಿಸು, ಅಜ್ಜಿಯ ಮದುವೆಗೆ ಮೊಮ್ಮಗಳು ಹೂವಿನ ತಟ್ಟೆ ಹಿಡಿಯಲಿ. ಅಳಿಯಂದಿರಿಗೆ ಮೆಲ್ಲಗೆ ಹೇಳು, ನಕ್ಕರೆ ನಗಲಿ. ಯೂನ್ ನಿನ್ನೆಯಿಂದ ಅಕ್ಕಿ ರುಬ್ಬಲು ಕಲಿಯುತ್ತಿದ್ದಾರೆ. ರುಬ್ಬುವುದಕ್ಕಿಂತ ಚೆಲ್ಲುವುದೇ ಜಾಸ್ತಿ.

ನಿಮ್ಮ ಗದ್ದೆಗಳಲ್ಲಿ ಉಪ್ಪು ಚೆನ್ನಾಗಿ ಹರಳುಗಟ್ಟಲಿ, ಬಿಸಿಲು ನಿಮಗೆ ಒಲಿಯಲಿ, ನನ್ನ ಪುಟ್ಟಿಗೆ ಹಾಲುಹಲ್ಲು ಬಿದ್ದ ಕಡೆಯೆಲ್ಲ ಹೊಸ ಹಲ್ಲು ನೋವಿಲ್ಲದೆ ಬರಲಿ. ತಾ ರೀಚ್ ಅಜ್ಜ ಎಂಟೂ ಕೈಯಿಂದ ನಿಮ್ಮನ್ನು ಕಾಯಲಿ.

ನಿನ್ನ ಅಮ್ಮ,
ತಾವ್ರಿ

ಮರೆತ ಮಾತು: ಮರೆತಿರಲಿಲ್ಲ, ಮೇಲೆ ಬರೆಯಲು ಆಗಲಿಲ್ಲ. ಬಂದೂಕು ಹಿಡಿದ ಆ ಕರಿಬಟ್ಟೆಯವರು ನಿನ್ನ ಅಪ್ಪನನ್ನು ಕಾಲುವೆ ಅಗೆಯುವ ಜಾಗದಿಂದ ಕರೆದುಕೊಂಡು ಹೋದಾಗ ನೀನು ನನ್ನ ಬೆನ್ನಿಗೆ ಕಟ್ಟಿದ್ದ ಕ್ರಮಾದಲ್ಲಿ ಮಲಗಿದ್ದೆ. ನಿನ್ನ ಅಪ್ಪ ಹಿಂತಿರುಗಿ ನೋಡಿ, ಮಗೂಗೆ ಬಿಸಿಲು ಬೀಳ್ತಿದೆ, ಮುಚ್ಚು ಅಂದರು. ಆಮೇಲೆ ಅವರನ್ನು ಕಂಡವರಿಲ್ಲ. ಸತ್ತರು ಅಂತಲೂ ಯಾರೂ ಹೇಳಲಿಲ್ಲ. ಪ್ರತಿ ವರ್ಷ ಪಿಂಡದ ಹಬ್ಬದಲ್ಲಿ ಸತ್ತವರ ಹೆಸರು ಹೇಳುವಾಗ ನನ್ನ ಅಪ್ಪ, ಅಮ್ಮ, ಅಣ್ಣಂದಿರ ಹೆಸರು ಕೊಟ್ಟಿದ್ದೇನೆ. ನಿನ್ನ ಅಪ್ಪನ ಹೆಸರು ಒಮ್ಮೆಯೂ ಕೊಟ್ಟಿಲ್ಲ. ಕೊಟ್ಟರೆ ಅವರನ್ನು ನಾನೇ ಸಾಯಿಸಿದ ಹಾಗೆ ಅನ್ನಿಸುತ್ತಿತ್ತು. ಇಪ್ಪತ್ತೆಂಟು ವರ್ಷ ಅವರು ಹಸಿದುಕೊಂಡು ವಿಹಾರದಿಂದ ವಿಹಾರಕ್ಕೆ ತಿರುಗುತ್ತಿದ್ದರೇನೋ, ಯಾರೂ ಕರೆಯದೆ. ಈ ಸಲ ಹಬ್ಬಕ್ಕೆ ಬಾ ಮಾಲಿಸ್. ಅನ್ನದ ಉಂಡೆ ನಾನು ಕಟ್ಟುತ್ತೇನೆ, ಎಳ್ಳು ನಾನು ಹಾಕುತ್ತೇನೆ. ಹೆಸರು ಮಾತ್ರ ನನ್ನ ಬಾಯಿಂದ ಬರುತ್ತಿಲ್ಲ, ಮನೆಯಲ್ಲಿ ಒಬ್ಬಳೇ ಹೇಳಿ ನೋಡಿದೆ. ಅದನ್ನು ನೀನು ಹೇಳು.