ಟಾಸ್ ಗೆದ್ದ ಸಂಜೆಯ ಕೊಡಪಾನ

೨೧ ಸೆಪ್ಟೆಂಬರ್ ೨೦೦೭, ಶುಕ್ರವಾರ

ಇವತ್ತೂ ನೀರು ಸೇದಿದ್ದೇ ಸೇದಿದ್ದು. ಅಂಗೈ ಉರಿ. ಗಾಳಿಗೆ ಮರ ಬಿದ್ದು ಕರೆಂಟ್ ಹೋದದ್ದು, ಲೈನ್‌ಮ್ಯಾನ್ ಬಾಯಲ್ಲಿ ಇನ್ನೂ ‘ನಾಳೆ’ಯೇ. ಅಬ್ಬ ದುಬೈಯಿಂದ ಹಾಕಿಸಿದ ಪಂಪು ಶೆಡ್ಡಿನಲ್ಲಿ ರೆಸ್ಟ್. ಗುಡ್ಡದ ಮೇಲೆ ಉಳಿದವರದ್ದೆಲ್ಲ ಬೋರ್‌ವೆಲ್, ರಾಟೆ ಇರುವ ಬಾವಿ ನಮ್ಮದೊಂದೇ. ಎಲ್ಲರ ಕೊಡಗಳೂ ನಮ್ಮ ಕಟ್ಟೆಯಲ್ಲಿ ಕ್ಯೂ. ಉಮ್ಮನಿಗೆ ಬೆನ್ನುನೋವು, ಸೇದುವವಳು ನಾನೇ. ಉಪವಾಸ ಬೇರೆ.

ವಿಟ್ಲದ ಸೈಬರ್‌ಗೂ ಹೋಗಲಾಗಲಿಲ್ಲ. ಆರ್ಕುಟ್‌ನಲ್ಲಿ ನಾನೇ ಶುರು ಮಾಡಿದ ಕ್ರಿಕೆಟ್ ಥ್ರೆಡ್ ಎಲ್ಲಿಗೆ ಮುಟ್ಟಿತೋ. ಇಲ್ಲಿ ನನಗೆ ರಿಪ್ಲೈ ಮಾಡುವುದು ರಾಟೆ ಮಾತ್ರ. ಕಿರ್ರ್.

೨೪, ಸೋಮವಾರ, ಮಧ್ಯಾಹ್ನ

ಶನಿವಾರದ ಸೆಮಿಫೈನಲ್ ಮಿಸ್. ಇಫ್ತಾರ್ ಆದದ್ದೇ ರೇಡಿಯೋ ಪಕ್ಕದಲ್ಲೇ ನಿದ್ದೆ ಹೋದೆ. ಶೇಮ್!!

ಇವತ್ತು ಫೈನಲ್. ಒಂದು ಬಾಲೂ ಬಿಡುವುದಿಲ್ಲ.

ರಾತ್ರಿ

ಬರೆಯಲಿಕ್ಕೂ ಕೈ ಏಳುತ್ತಿಲ್ಲ. ಆದರೂ…

ಐದು ಗಂಟೆಗೆ ರೇಡಿಯೋ ಕಟ್ಟೆಯ ಮೇಲಿಟ್ಟು ಸೇದುತ್ತಿದ್ದೆ. ಕೊಡಪಾನ ಅರ್ಧ ಮೇಲೆ ಬಂದಿತ್ತು. ಟಾಸ್ ಇಂಡಿಯಾಕ್ಕೆ ಎಂದರು. ಚಪ್ಪಾಳೆ ತಟ್ಟಿದೆ. ಎರಡೂ ಕೈಯಲ್ಲಿ.

ಹಗ್ಗದ ತುದಿ ಕಂಬಕ್ಕೆ ಕಟ್ಟಿರಲಿಲ್ಲ. ಹಗ್ಗವೂ ಹೋಯಿತು, ಕೊಡಪಾನವೂ ಹೋಯಿತು. ಬುಳಕ್.

ಪಕ್ಕದ ಮನೆಯ ಅಕ್ಕ, ಬೀಯಮ್ಮ ತಾತ್ತ, ಖಾಲಿ ಕೊಡ ಹಿಡಿದು ನಿಂತಿದ್ದರು. “ಟಾಸ್ ಗೆದ್ದದ್ದು ನೀನು, ಕೊಡಪಾನ ಸೋತದ್ದು ನಾವಾ?”

ಉಮ್ಮ ಬೈಯಲೂ ಇಲ್ಲ. “ಬಾಂಗ್ ಆಗಿ ಉಪವಾಸ ಬಿಡುವಾಗ ಕುಡೀಲಿಕ್ಕೆ ಒಂದು ತೊಟ್ಟು ಇಲ್ಲ” ಅಂದರು, ಅಷ್ಟೇ. ಬೈದಿದ್ದರೆ ವಾಸಿ.

ರೇಡಿಯೋ ಕಿವಿಗೆ ಹಿಡಿದು ಗುಡ್ಡದ ಕೆಳಗಿನ ರುಕ್ಮಯ್ಯಜ್ಜನ ಮನೆಗೆ ಓಡಿದೆ. ಬಾವಿಗೆ ಬಿದ್ದದ್ದನ್ನು ಎತ್ತುವ ಕೊಕ್ಕೆಗಳ ಪಾತಾಳಗರಡಿ ಇರುವುದು ಅವರಲ್ಲಿ ಮಾತ್ರ.

“ಒತ್ತೆಗೆ ಏನು ತಂದಿದ್ದಿ? ಒತ್ತೆ ಇಲ್ಲದೆ ಪಾತಾಳಗರಡಿ ಹೊಸಿಲು ದಾಟ್ಬಾರ್ದು. ಚೆಂಬೋ ಗಿಂಡಿಯೋ ಇಡ್ಬೇಕು.”

“ಮತ್ತೆ ತಂದು ಕೊಡ್ತೇನೆ ಅಜ್ಜ, ಪ್ಲೀಸ್.”

“ಮತ್ತೆ ಇಲ್ಲ. ಕೈಯಲ್ಲಿ ಏನುಂಟು?”

ರೇಡಿಯೋ ಉಂಟು.

“ಅದಾಗ್ತದೆ.”

ಕೊಟ್ಟೆ. ಆಗಿನ್ನೂ ಫಸ್ಟ್ ಬಾಲ್ ಕೂಡ ಆಗಿರಲಿಲ್ಲ.

ಅದರ ಸರಪಳಿ ಹಿಡಿದು ಪಾತಾಳಗರಡಿ ಇಳಿಸಿದ್ದೇ ಇಳಿಸಿದ್ದು. ಕೆಸರು ಬಂತು, ತೆಂಗಿನ ಗರಿ ಬಂತು. ಭುಜ ಕಳಚಿ ಬೀಳುವ ಹಾಗೆ. ನಾಲಗೆ ಒಣಗಿ ಮರದ ಚೂರು. ಅಷ್ಟರಲ್ಲಿ ಕಾಮೆಂಟ್ರಿ ಕೇಳಿತು — ಗುಡ್ಡ ಹತ್ತಿ ಬರುತ್ತಿದೆ! ಹಿಂದಿನಿಂದ ರುಕ್ಮಯ್ಯಜ್ಜ.

“ನೀನು ನನ್ನ ಗರಡಿಯನ್ನೂ ಬಾವಿಗೆ ಹಾಕ್ತೀಯಾಂತ ನೋಡ್ಲಿಕ್ಕೆ ಬಂದೆ.”

ಕೈ ಚಾಚಿದೆ. ರೇಡಿಯೋ ಕೊಡಲಿಲ್ಲ. “ಒತ್ತೆ ಒತ್ತೆಯೇ.” ಕಟ್ಟೆಯಲ್ಲಿ ಕೂತು ಮಡಿಲಲ್ಲಿ ಇಟ್ಟುಕೊಂಡರು. ಕೇಳಿಸಿತಲ್ಲ, ಸಾಕು.

ಕೊನೆಗೆ ಕೊಕ್ಕೆ ಕಚ್ಚಿತು. ಭಾರ. ಮೆಲ್ಲ ಮೆಲ್ಲ ಎಳೆದೆ. ಕೊಡಪಾನದ ಬಾಯಿ ಕಂಡದ್ದೂ ಸಿಕ್ಸರ್ ಆದದ್ದೂ ಒಟ್ಟಿಗೆ.

“ಚಪ್ಪಾಳೆ ತಟ್ಬೇಡ ಮಾರಾಯ್ತಿ!” ಅಜ್ಜನೂ ಬೀಯಮ್ಮ ತಾತ್ತನೂ ಒಂದೇ ಸ್ವರದಲ್ಲಿ.

ತಟ್ಟಲಿಲ್ಲ. ಹಲ್ಲು ಕಚ್ಚಿ ಹಿಡಿದೆ. ಕಟ್ಟೆಗೆ ಇಳಿಸುವಾಗ ಮಸೀದಿಯಿಂದ ಬಾಂಗ್. ಮೊದಲ ನೀರು ಉಮ್ಮನಿಗೆ. ಮತ್ತೆ ಬೀಯಮ್ಮ ತಾತ್ತನ ಕೊಡಕ್ಕೆ.

ಪಾತಾಳಗರಡಿ ತೊಳೆದು ಅಜ್ಜನಿಗೆ ಚಾಚಿದೆ. ಕೆಳಗೆ ಅವರ ಮನೆಯಲ್ಲಿ ದೀಪ ಕಾಣುತ್ತಿತ್ತು.

“ದೀಪ ಹಚ್ಚಿ ಆಯ್ತಲ್ಲ. ಇನ್ನು ಕಬ್ಬಿಣ ಮನೆಗೆ ತರ್ಲಿಕ್ಕಿಲ್ಲ. ನಾಳೆ ಬೆಳಿಗ್ಗೆ ತಾ.”

“ಹಾಗಾದ್ರೆ ರೇಡಿಯೋ?”

“ನಾಳೆ ಬೆಳಿಗ್ಗೆ.”

ಹೋದರು. ಕಾಮೆಂಟ್ರಿಯೂ ಅವರ ಜೊತೆ ಗುಡ್ಡ ಇಳಿದು ಹೋಯಿತು.

೨೫, ಮಂಗಳವಾರ, ಬೆಳಿಗ್ಗೆ

ನಿನ್ನೆ ಪೇಟೆ ಕಡೆ ಪಟಾಕಿ ಕೇಳಿತ್ತು. ಗೆದ್ದದ್ದು ಗೊತ್ತಾಯಿತು. ಹೇಗೆ ಎಂದು ಗೊತ್ತಿಲ್ಲ. ನಸುಕಿನ ಸಹರಿ ಊಟದ ಪಾತ್ರೆ ತೊಳೆದು, ಬೆಳಕು ಹರಿಯುವಾಗ ಹೋಗಿ ಪಾತಾಳಗರಡಿ ಕೊಟ್ಟೆ. ರೇಡಿಯೋ ಬಂತು. ಸೆಲ್ ಪೂರಾ ಮುಗಿದಿದೆ.

“ಲಾಸ್ಟ್ ಓವರ್ ಏನಾಯ್ತು ಅಜ್ಜ?”

“ಓವರ್ ಗೀವರ್ ನಂಗೆ ಗೊತ್ತಿಲ್ಲ. ಒಬ್ಬ ಮೇಲೆ ಹೊಡೆದ, ಇನ್ನೊಬ್ಬ ಹಿಡಿದ. ಮತ್ತೆ ಬೊಬ್ಬೆಯೇ ಬೊಬ್ಬೆ.”

“ಅಷ್ಟೇಯಾ?”

“ಅಷ್ಟೇ. ನೀನಿರ್ಲಿಲ್ಲ ಅಲ್ವಾ. ನಾನೇ ಚಪ್ಪಾಳೆ ತಟ್ಟಿದೆ.”

ಥ್ರೆಡ್‌ನಲ್ಲಿ ಇದನ್ನು ಹೇಗೆ ಹಾಕುವುದು. ಯಾರೂ ನಂಬುವುದಿಲ್ಲ.

ಕರೆಂಟ್ ಇನ್ನೂ ಇಲ್ಲ. ಕಟ್ಟೆಯಲ್ಲಿ ಕೊಡಗಳ ಸದ್ದು, ಉಮ್ಮ ಕರೆಯುತ್ತಿದ್ದಾರೆ. ಮೊದಲು ಹಗ್ಗದ ತುದಿ ಕಂಬಕ್ಕೆ —