ನಿಮ್ಮ ಪಾಲಿನ ಸಾಲುಗಳು

ಸೋಮವಾರ, ಇಬ್ಬನಿ ಆರಿದ ಮೇಲೆ

ತಮ್ಮ ಅಕ್ಕನ ಮನೆಯಲ್ಲಿ ಬೀಡುಬಿಟ್ಟಿರುವ ನನ್ನವರಿಗೆ,

ನಾನು ಚೆನ್ನಾಗಿದ್ದೇನೆ. ಊಟಕ್ಕೆ ಮೂರು ಸಲ ಕರೆಯಲಿ ಎಂದು ಅಲ್ಲೂ ಕಾಯುತ್ತಾ ಕೂರಬೇಡಿ, ನಿಮ್ಮಕ್ಕ ನನ್ನ ಹಾಗೆ ಕರೆಯುತ್ತಲೇ ಇರುವವರಲ್ಲ.

ಲ್ಯಾವೆಂಡರ್ ಅರಳಿದೆ. ಅದನ್ನು ಹೇಳಲೆಂದೇ ಬರೆಯುತ್ತಿದ್ದೇನೆ. ನಿಮ್ಮ ಪಾಲಿನ ಸಾಲುಗಳಲ್ಲಿ ಹೂ ಅರ್ಧದಷ್ಟು ಬಾಡಿದೆ, ಜೇನುನೊಣಗಳೂ ಕಡಿಮೆಯಾಗುತ್ತಿವೆ. ಹೂ ಬೇಯಿಸಿ ಎಣ್ಣೆ ಇಳಿಸಲು ಇದೇ ಹದ ಎಂದು ನೀವೇ ಹೇಳುತ್ತಿದ್ದಿರಿ. ಇನ್ನೊಂದು ವಾರ ಬಿಟ್ಟರೆ ಎಲ್ಲ ಉದುರಿ ಬರೀ ಕಡ್ಡಿ ಉಳಿಯುತ್ತದೆ. ಭಟ್ಟಿ ತೊಳೆದಿಟ್ಟಿದ್ದೇನೆ. ಉರಿ ಎಷ್ಟಿರಬೇಕೆಂದು ನನಗೆ ಗೊತ್ತಿಲ್ಲ.

ಹೋದ ವರ್ಷದ್ದು ತಲೆಯಿಂದ ಹೋಗುತ್ತಲೇ ಇಲ್ಲ. ನನ್ನ ಒಣಹೂವಿನ ಕಟ್ಟುಗಳಿಗಾದರೆ ಮೊಗ್ಗಿನಲ್ಲೇ, ಕೆಳಗಿನ ನಾಲ್ಕೈದು ಹೂ ಬಿರಿದೊಡನೆ ಕೊಯ್ಯಬೇಕು. ಇಲ್ಲವಾದರೆ ಒಣಗುವಾಗ ಉದುರಿಬಿಡುತ್ತವೆ. ಹೂವಿನಂಗಡಿಯಾಕೆ ಇನ್ನಷ್ಟು ಕಟ್ಟು ಕೇಳಿದಳೆಂದು, ನೀವು ಭಟ್ಟಿಯ ಕೊಳವೆ ರಿಪೇರಿಗೆ ಹೋದ ದಿನ ನಿಮ್ಮ ಸಾಲುಗಳಿಗೂ ಕುಡುಗೋಲು ಹಾಕಿದೆ. ನೀವು ಬಂದು ನೋಡಿ, ನಿಂಗೆ ಅರಳೋವರೆಗೂ ಕಾಯೋ ತಾಳ್ಮೇನೇ ಇಲ್ಲ ಕಣೆ ಅಂದಿರಿ, ಅಷ್ಟೇ. ನಾನು ಸುಮ್ಮನಿರಬೇಕಿತ್ತು. ನಿಮ್ಮ ಎಣ್ಣೆ ಸೀಸೆ ಕಟ್ಕೊಂಡು ಎಲ್ಲಿಗಾದ್ರೂ ಹೋಗಿ ಎಂದು ಬಾಯಿಗೆ ಬಂದಂತೆ ಅಂದೆ. ನನ್ನ ಯಾವ ಮಾತನ್ನೂ ಕಿವಿಗೆ ಹಾಕಿಕೊಳ್ಳದವರು ಅದೊಂದನ್ನು ಮಾತ್ರ ಚಾಚೂ ತಪ್ಪದೆ ಪಾಲಿಸಿದಿರಿ, ವರ್ಷವಾದರೂ ಬಂದಿಲ್ಲ. ಗೇಟಿನ ಸದ್ದು ಕೇಳಿಸಿತ್ತು. ಓಡಿಬಂದು ತಡೆಯಬಹುದಿತ್ತು. ದಾರ ಸುತ್ತುತ್ತಾ ಕೂತೇ ಇದ್ದೆ. ಹಾಗೆ ಕೂತಿದ್ದಕ್ಕೆ ಈಗಲೂ ನನ್ನ ಮೇಲೆ ನನಗೇ ಸಿಟ್ಟು.

ಈ ವರ್ಷ ನಿಮ್ಮ ಸಾಲುಗಳನ್ನು ಮುಟ್ಟಿಲ್ಲ. ಹೂವಿನಂಗಡಿಯಾಕೆ ಬಂದುಹೋದಳು. ಈ ಸಲ ನನಗೆ ಕೆಲಸ ಹಗುರ. ಕಟ್ಟುಗಳನ್ನು ನೇತುಹಾಕುವ ಕೋಣೆಯನ್ನು ಗುಡಿಸಿದ್ದೇನೆ. ಕೋಪ ಇಳಿದಿಲ್ಲವಾದರೆ ನೀವು ಅಲ್ಲೇ ಮಲಗಬಹುದು.

ಇಂತಿ,
ನಿಮ್ಮ ಬಾಯಿಬಡುಕಿ

ತಾ.ಕ.: ಬರುವಾಗ ಇನ್ನೊಂದು ಕುಡುಗೋಲು ತನ್ನಿ. ಹೂವಿನಂಗಡಿಯಾಕೆ ಬರಿಗೈಯಲ್ಲಿ ಹೋದಳು. ನನ್ನ ಪಾಲಿನದನ್ನೂ ನಾನು ಕೊಯ್ದಿಲ್ಲ. ಮೊಗ್ಗಿನಲ್ಲೇ ಕೊಯ್ದು ಕೊಯ್ದು, ನನ್ನ ಪಾಲು ಪೂರ್ತಿ ಅರಳಿದ್ದನ್ನು ಇಷ್ಟು ವರ್ಷ ನೋಡೇ ಇರಲಿಲ್ಲ. ಈ ಸಲ ನೋಡಿದೆ, ಒಬ್ಬಳೇ. ಇನ್ನು ಅದರಿಂದ ಒಂದು ಕಟ್ಟೂ ಆಗದು. ಅಷ್ಟೂ ನಿಮ್ಮ ಭಟ್ಟಿಗೇ.