ಹತ್ತಿ ಬೇಲುಗಳ ನಡುವೆ ಒಂದು ಹಾಡು

ಆದವಾನಿ
೨೧ ಫೆಬ್ರವರಿ ೧೯೭೮

ನನ್ನ ಮುದ್ದು ರಾಮಲಕ್ಷ್ಮಿ,

ಮೊದಲು ನನ್ನನ್ನು ಚೆನ್ನಾಗಿ ಬೈದುಬಿಡು. ಆಯಿತೇ? ಈಗ ಕೇಳು. ಮದುವೆಯಾಗಿ ಮೂರು ತಿಂಗಳಾಗುತ್ತ ಬಂತು, ನಿನ್ನ ಕಾಗದಗಳಿಗೆ ಒಂದು ಸಾಲಿನ ಉತ್ತರವನ್ನೂ ಬರೆಯಲಿಲ್ಲ. ಬಳ್ಳಾರಿಯ ಹಾಸ್ಟೆಲಿನಲ್ಲಿ ಒಂದೇ ಮಂಚದ ಮೇಲೆ ಕೂತು, ಸಿಸ್ಟರ್‌ಗೆ ಕೇಳಿಸದ ಹಾಗೆ ರೇಡಿಯೋದಲ್ಲಿ ಇಂಗ್ಲಿಷ್ ಹಾಡು ಕೇಳಿದವಳು ಹೀಗೆ ಮಾಡಬಹುದೇ ಎಂದು ನೀನು ಬರೆದದ್ದು ಸರಿಯಾಗಿಯೇ ಇದೆ. ಮಗುವಿಗೆ ಹಲ್ಲು ಬಂದವೇ? ನಿನ್ನ ಮೂಗೋ, ಯಜಮಾನರ ಮೂಗೋ? ನಿನ್ನದೇ ಇರಲಿ ಎಂದು ನನ್ನ ಪ್ರಾರ್ಥನೆ!

ನನ್ನ ಕನ್ನಡ ನೋಡಿ ನಗಬೇಡ. ಇಂಗ್ಲಿಷಿನಲ್ಲಿ ಶುರುಮಾಡಿದ್ದೆ. ಎರಡು ಪುಟ ಬರೆದ ಮೇಲೆ ಓದಿದರೆ ಶಾಲೆಯ ಪ್ರಬಂಧದ ಹಾಗಿತ್ತು, ಹರಿದು ಹಾಕಿದೆ. ಈ ಸಂಗತಿಯನ್ನು ಇಲ್ಲಿಯ ಮಾತಿನಲ್ಲೇ ಹೇಳಬೇಕು.

ಸಂಗತಿ ಏನೆಂದರೆ, ನನ್ನ ಗಂಡ ರಾಕ್ ಬ್ಯಾಂಡಿನವರು! ಹೌದು, ಬ್ಯಾಂಕಿನಲ್ಲಿ ತಲೆ ಬಗ್ಗಿಸಿ ಕೂರುವ ಗುಮಾಸ್ತರೇ. ಹಣೆಯ ಮೇಲೆ ಅಂಗಾರ ಅಕ್ಷತೆ ಇಟ್ಟುಕೊಂಡು ಆಫೀಸಿಗೆ ಹೋಗುವ ಜಯತೀರ್ಥರೇ. (ಹೆಸರು ಬರೆದೇಬಿಟ್ಟೆ, ನೋಡು!) ಮದುವೆಯಾದ ವಾರದಲ್ಲಿ ಅಟ್ಟದಿಂದ ಹಪ್ಪಳದ ಡಬ್ಬಿ ಇಳಿಸಲು ಹೋದೆ. ಹಳೇ ಪಂಚೆಯಲ್ಲಿ ಸುತ್ತಿದ್ದ ಏನೋ ಒಂದು ಕೈಗೆ ತಗುಲಿ ಝಣ್ ಎಂದಿತು. ಎಲೆಕ್ಟ್ರಿಕ್ ಗಿಟಾರು! ಕೆಂಪು ಬಣ್ಣದ್ದು! ಇವರು ಬಾಗಿಲಲ್ಲಿ ನಿಂತು, ಕದ್ದು ಸಿಕ್ಕಿಬಿದ್ದವರ ಹಾಗೆ, "ನಿನಗ ಇದೆಲ್ಲ ಸೇರಂಗಿಲ್ಲೇನೋ ಅಂತ ಹೇಳಲಿಲ್ಲ" ಎಂದರು. ನನಗೆ ಸೇರುವುದಿಲ್ಲವೇ! ನಾನು ಅಟ್ಟದ ಏಣಿಯ ಮೇಲೆಯೇ ಕುಣಿದೆ, ರಾಮಿ.

ಬ್ಯಾಂಡಿನ ಹೆಸರು ಬ್ಲ್ಯಾಕ್ ಸಾಯಿಲ್. ಇಲ್ಲಿ ಕಣ್ಣು ಹಾಯಿಸಿದಷ್ಟು ದೂರ ಕಪ್ಪು ಎರೆನೆಲ, ಅದರ ಮೇಲೆಲ್ಲ ಹತ್ತಿ, ಅದಕ್ಕೆ ಆ ಹೆಸರು. ಇವರಲ್ಲದೆ ಇನ್ನಿಬ್ಬರು. ಶ್ರೀರಾಮುಲು ಹತ್ತಿ ಜಿನ್ನಿಂಗ್ ಮಿಲ್ಲಿನ ಎಲೆಕ್ಟ್ರಿಷಿಯನ್, ಬೇಸ್ ಗಿಟಾರು ನುಡಿಸುತ್ತಾನೆ. ಕೋಪ ಬಂದಾಗ ತೆಲುಗು, ಸಮಾಧಾನವಾದಾಗ ಕನ್ನಡ. ಮಾರೆಣ್ಣ ಪೆದ್ದಕಡುಬೂರಿನವನು, ಬಸ್ ಕಂಡಕ್ಟರ್. ಮದುವೆ ಬ್ಯಾಂಡಿನವರು ಮಾರಿದ ಡ್ರಮ್ಮುಗಳನ್ನು ಕೊಂಡು ಬಾರಿಸುತ್ತಾನೆ. ಇವರನ್ನು ಅವನು ಕರೆಯುವುದು "ಆಚಾರ್ರೇ" ಎಂದು, ಅದೂ ಗಿಟಾರು ಕೈಯಲ್ಲಿದ್ದಾಗ ಮಾತ್ರ.

ಒಂದು ಹಾಡು ಹೇಗೆ ಹುಟ್ಟುತ್ತದೆ ಎಂದು ನಿನಗೆ ಗೊತ್ತೇ? ಹಾಡುಗಳೆಲ್ಲ ರೇಡಿಯೋದೊಳಗೆ ಮೊದಲೇ ಇರುತ್ತವೆ ಎಂದುಕೊಂಡಿದ್ದೆವಲ್ಲ ನಾವು, ಎಷ್ಟು ದಡ್ಡಿಯರು! ಈ ಹಾಡು ಮೊದಲು ಇವರ ಬೆರಳಿನಲ್ಲಿ ಒಂದು ತುಣುಕಾಗಿ ಬಂತು. ಮಿಲ್ಲುಗಳ ಹತ್ತಿರ ಗಾಳಿಗೆ ಹತ್ತಿ ಎಳೆ ಹಾರಿ ಬಂದು ದಾರಿಯಲ್ಲಿ ಹೋಗುವವರ ತಲೆ, ಹೆಗಲ ಮೇಲೆ ಕೂರುತ್ತದೆ. ಬ್ಯಾಂಕಿನಿಂದ ಬಂದ ಇವರ ಅಂಗಿಯಿಂದ ಒಂದು ಎಳೆ ತೆಗೆದು ಊದಿದೆ. ಅಂದು ಸಂಜೆ ಇವರು ಮಾಳಿಗೆಯ ಮೇಲೆ ಹಾಡುತ್ತಿದ್ದರು:

ಗಾಳಿ ತಂದ ಹತ್ತಿ ಎಳಿಯೇ
ಯಾರ ಹೆಗಲ ಮ್ಯಾಲ ಇಳಿದೀ…

ಅಷ್ಟೇ. ಮುಂದೆ ಹೋಗಲೊಲ್ಲದು. ಸಂಜೆಯಾದರೆ ಮೂವರೂ ಮಾಳಿಗೆಯ ಮೇಲೆ ಕೂತು ಅದನ್ನು ತಿರುಗಿಸಿ ತಿರುಗಿಸಿ ನೋಡುವರು. ಇವರ ಗಿಟಾರು ದೇವರನಾಮ ಕೇಳಿ ಬೆಳೆದದ್ದು, ಸ್ವರವನ್ನು ಎಳೆದು ಜೋಕಾಲಿ ಆಡಿಸುತ್ತದೆ. ಶ್ರೀರಾಮುಲುವಿನ ತಂತಿ ಕೆಳಗೆ ಗುಡುಗುತ್ತದೆ. ತಾಳ ಮಾತ್ರ ಸಿಗಲಿಲ್ಲ. ಒಂದು ದಿನ ಮಾರೆಣ್ಣ ಡ್ರಮ್ಮಿನ ಕೋಲು ಕೆಳಗಿಟ್ಟ.

"ಆಚಾರ್ರೇ, ನಿಮ್ಮ ಹಾಡು ಡಾಂಬರ ರೋಡಿನ ಮ್ಯಾಲ ಹೊಂಟೈತಿ. ಹಾಲಹರವಿಯ ಕುಣಿ ಬಿದ್ದ ರೋಡಿಗೆ ಹತ್ತಿಸ್ರಿ, ತಾಳ ತಾನಾ ಬರ್ತೈತಿ."

"ಹತ್ತಿಸು ಮತ್ತ, ಟಿಕೆಟ್ ನಾ ಕೊಡ್ತೀನಿ" ಎಂದರು ಇವರು.

ಅವನು ಬಾರಿಸಿದ ನೋಡು! ಕುಂಟುತ್ತ, ಕುಣಿಯುತ್ತ, ಕುಣಿ ಬಂದಲ್ಲಿ ಎತ್ತಿ ಹಾಕುತ್ತ ಹಾಡು ಹೊರಟೇಬಿಟ್ಟಿತು. ಇಷ್ಟು ಹೊತ್ತು ಎಲ್ಲೂ ಇರದಿದ್ದ ಒಂದು ವಸ್ತು ಕಣ್ಣೆದುರಿಗೆ ಉಸಿರಾಡುತ್ತಿತ್ತು.

ಆದರೂ ಹಾಡಿಗೆ ಕೊನೆಯಿರಲಿಲ್ಲ. ಶ್ರೀರಾಮುಲುವಿಗೆ ಸಿಟ್ಟು ಬಂದು, "ಏಮಿ ಸಾರ್, ಮಳ್ಳೀ ಮೊದಟಿನಿಂಚಾ?" ಎಂದು, ಮತ್ತೆ ಮೊದಲಿನಿಂದಲೇ ಎಂದು, ತಲೆ ಹಿಡಿದುಕೊಂಡಿದ್ದ. ನಾನು ಚಹಾ ತಂದವಳು, ಮೆಟ್ಟಿಲ ಮೇಲೆ ನಿಂತು, ಯೋಚಿಸದೆ, ಒಂದು ಸಾಲು ಸೇರಿಸಿ ಹಾಡಿಬಿಟ್ಟೆ: "ಇಳಿದ ಮ್ಯಾಲ ಎಲ್ಲಿ ಹೋದೀ."

ಮೂವರೂ ನನ್ನ ಕಡೆ ತಿರುಗಿದರು. ತಪ್ಪು ಮಾಡಿದೆನೆಂದು ಗಾಬರಿಯಾದೆ.

"ಅಕ್ಕಾರ, ಇನ್ನೊಮ್ಮಿ ಅನ್ರೀ" ಎಂದ ಮಾರೆಣ್ಣ.

ಇನ್ನೊಮ್ಮೆ ಹಾಡಿದೆ. ಇವರು ನನ್ನನ್ನು ನೋಡಿದ ರೀತಿ, ರಾಮಿ! ಮದುವೆಯಲ್ಲಿ ಅಂತರಪಟ ಸರಿಸಿದಾಗ ಕೂಡ ಹಾಗೆ ನೋಡಿರಲಿಲ್ಲ.

"ಯಾರು ಹೇಳಿಕೊಟ್ರು ಇದನ್ನ?"

"ಯಾರೂ ಇಲ್ಲರೀ. ಬಂತು."

"ಹಂಗಾದ್ರ ರೆಕಾರ್ಡಿಂಗಿನಾಗ ನೀನ ಹಾಡಬೇಕು."

ಆ ಹಾಡನ್ನು ರೇಡಿಯೋದ ಯುವಜನರ ಕಾರ್ಯಕ್ರಮಕ್ಕೆ ಕಳಿಸುವುದೆಂದು ಮೊದಲೇ ಮಾತಾಗಿತ್ತು. ಅಂದಿನಿಂದ ನನಗೆ ಒಂದೇ ಹುಚ್ಚು. ಯಾವುದೋ ಊರಿನಲ್ಲಿ ಯಾವುದೋ ಹುಡುಗಿ ಮಂಚದ ಮೇಲೆ ಕೂತು ರೇಡಿಯೋ ತಿರುಗಿಸುವಾಗ ನನ್ನ ಆ ಒಂದು ಸಾಲು ಅವಳಿಗೆ ಸಿಗಬೇಕು. ಸೀರೆ, ಒಡವೆ ಯಾವುದಕ್ಕೂ ನಾನು ಇಷ್ಟು ಆಸೆಪಟ್ಟಿಲ್ಲ. ಇವರಿಗೆ ಚಿಂತೆಯಿದ್ದದ್ದು ಅತ್ತೆಯವರದೊಂದೇ. ನಮ್ಮ ಅತ್ತೆ ತುಂಗಾಬಾಯಿ ಮಧ್ಯಾಹ್ನದ ತನಕ ಮಡಿಯಲ್ಲಿರುವವರು. ಮಾವನವರು ಮಂತ್ರಾಲಯದಲ್ಲಿ ಸೇವೆಗಿದ್ದಾರೆ, ಮನೆಯ ಯಜಮಾನಿಕೆಯೆಲ್ಲ ಅತ್ತೆಯವರದೇ. "ಅಮ್ಮನ ಮುಂದ ಮಾತ್ರ ಬಾಯಿ ಬಿಡಬ್ಯಾಡ. ಸೊಸಿ ಹಿಂಗ ಹಾಡ್ತಾಳಂದ್ರ ಆಕಿಗೆ ತಡಕೊಳ್ಳಲಿಕ್ಕೆ ಆಗಂಗಿಲ್ಲ" ಎಂದರು. ಸರಿ ಎಂದೆ.

ರೆಕಾರ್ಡಿಂಗ್ ಎಲ್ಲಿ ಗೊತ್ತೇ? ಶ್ರೀರಾಮುಲುವಿನ ಮಿಲ್ಲಿನಲ್ಲಿ. ಹಂಗಾಮಿನಲ್ಲಿ ಆ ಯಂತ್ರಗಳು ನಿಲ್ಲುವುದು ಅಮಾವಾಸ್ಯೆಗೆ ಮಾತ್ರ. ಹೊಸ ಸೊಸೆ ಅಮಾವಾಸ್ಯೆ ದಿನ ಹೊರಟಿದ್ದಾಳೆಂದು ಅತ್ತೆ ಹುಬ್ಬೇರಿಸಿದರು. "ರಣಮಂಡಲದ ಹನುಮಪ್ಪನ ಗುಡಿಗಮ್ಮಾ" ಎಂದುಬಿಟ್ಟರು ಇವರು. ಅತ್ತೆ ಒಳಗೆ ಹೋಗಿ ಒಂದು ತೆಂಗಿನಕಾಯಿ ತಂದು ನನ್ನ ಕೈಗಿಟ್ಟರು. ಪಾಪಭಯಕ್ಕೆ ಅದನ್ನು ಮಿಲ್ಲಿನಲ್ಲಿ ಟೇಪ್ ರೆಕಾರ್ಡರಿನ ಮುಂದೆಯೇ ಒಡೆದೆವು, ಮಾರೆಣ್ಣ ಮಂಗಳಾರತಿಯ ಡ್ರಮ್ಮು ಬಾರಿಸಿದ!

ರೆಕಾರ್ಡರು ಶ್ರೀರಾಮುಲುವಿನ ಹತ್ತಿರ ರಿಪೇರಿಗೆ ಬಂದದ್ದು, ದೊಡ್ಡ ಚಕ್ರಗಳ ಸ್ಪೂಲಿನದು. ಟೇಪು ಸುತ್ತಿದ ಸ್ಪೂಲು ಒಂದೇ, ಮೈಕು ಒಂದೇ. ಮೊದಲ ಸಲ ನುಡಿಸಿದಾಗ ತಗಡಿನ ಮಾಡಿಗೆ ಬಡಿದು ಸದ್ದೆಲ್ಲ ಜಗಳಕ್ಕೆ ಬಂದವರ ಹಾಗೆ ವಾಪಸು ಬಂತು. ಆಗ ಮೂವರೂ ಸೇರಿ ಹತ್ತಿ ಬೇಲುಗಳನ್ನು, ಒತ್ತಿ ಕಟ್ಟಿದ ಆ ದೊಡ್ಡ ಮೂಟೆಗಳನ್ನು, ಉರುಳಿಸಿ ನಮ್ಮ ಸುತ್ತ ಗೋಡೆ ಕಟ್ಟಿದರು, ತಲೆಗಿಂತ ಎತ್ತರ. ಒಳಗೆ ನಿಂತರೆ ಎಂಥ ಮೌನ! ನನ್ನ ಕಿವಿಯೊಳಗೆ ನನ್ನದೇ ರಕ್ತ ಓಡುವುದು ಕೇಳಿಸಿತು. ಬಳೆ ತೆಗೆದಿಟ್ಟೆ. ಒಂದೇ ಮೈಕಾದ್ದರಿಂದ ಯಾರ ಸದ್ದು ಎಷ್ಟಿರಬೇಕೋ ಅಷ್ಟು ದೂರ ಅವರು ನಿಲ್ಲಬೇಕು. ಮಾರೆಣ್ಣನನ್ನು ಬೇಲುಗಳ ಆಚೆಗೆ ಅಟ್ಟಿದರು. "ಫುಟ್‌ಬೋರ್ಡಿನ ಮ್ಯಾಲ ನಿಲ್ಲಿಸಿದ್ರಲ್ಲೋ ನನ್ನ!" ಎಂದು ಅಲ್ಲಿಂದಲೇ ಕೂಗಿದ. ಎಲ್ಲರಿಗಿಂತ ಹತ್ತಿರ ನಾನು.

ಹಾಡಿದೆ. ಇವರ ಗಿಟಾರು ನನ್ನ ಬೆನ್ನ ಹಿಂದಿನಿಂದ ಅಲೆಯಂತೆ ಬಂದು ಎತ್ತಿಕೊಂಡಿತು. ಮುಗಿದ ಮೇಲೂ ಚಕ್ರ ತಿರುಗುತ್ತಲೇ ಇತ್ತು. ಹಿಂದಕ್ಕೆ ಸುತ್ತಿ ಕೇಳಿದಾಗ ಆ ದನಿ ನನ್ನದೆಂದು ನಂಬಲಾಗಲಿಲ್ಲ. ಶ್ರೀರಾಮುಲು ಎದ್ದು ಗೋಡೆಯ ಕಡೆ ಮುಖ ಮಾಡಿ ನಿಂತ. ಇವರು "ಭಾಮಾ, ಭಾಮಾ" ಎಂದರು. ನಾಲ್ಕು ಜನ, ಒಂದು ತಗಡಿನ ಶೆಡ್ಡು, ಹಾರುವ ಹತ್ತಿ, ಇಷ್ಟರಿಂದ ಅಂಥದ್ದೊಂದು ಆಗಬಹುದೇ? ಆಗುತ್ತದೆ ರಾಮಿ, ನಾನು ನೋಡಿದ್ದೇನೆ. ದೇವರ ಕೋಣೆಯಲ್ಲೂ ನನಗೆ ಅಷ್ಟು ಭಯಭಕ್ತಿ ಬಂದಿಲ್ಲ.

ಟೇಪು ನಿನ್ನೆ ಪಾರ್ಸೆಲ್ ಆಯಿತು. ನಿನ್ನ ಯಜಮಾನರಿಗೆ ನಮಸ್ಕಾರ. ಮಗುವಿಗೆ ನನ್ನ ನೂರು ಮುತ್ತು. ಅದಕ್ಕೆ ಒಳ್ಳೆಯ ಆಯುಸ್ಸು, ನಿನ್ನ ಮೂಗು, ಯಾರಿಗೂ ಹೆದರದ ಗಂಟಲು ಸಿಗಲಿ. ಅತ್ತೆಯವರೂ ಆಶೀರ್ವಾದ ತಿಳಿಸಿದ್ದಾರೆ.

ನಿನ್ನವಳೇ ಆದ
ಭಾಮಾ

ತಾ. ಕ. — ಲಕೋಟೆ ಅಂಟಿಸಿದ್ದೆ, ಮತ್ತೆ ಬಿಡಿಸಿದೆ. ಮೇಲೆ ಬರೆದದ್ದೆಲ್ಲ ನಿಜ, ಆದರೆ ಅದು ಹೋದ ತಿಂಗಳ ಅಮಾವಾಸ್ಯೆ. ಈ ತಿಂಗಳ ಅಮಾವಾಸ್ಯೆಗೂ ಮೂವರು ಮಿಲ್ಲಿಗೆ ಹೋದರು. "ಡ್ರಮ್ಮು ಜೋರಾಗ್ಯದ, ಅಷ್ಟು ಸರಿ ಮಾಡಿ ಬರ್ತೀವಿ, ನೀ ಬ್ಯಾಡ" ಎಂದರು ಇವರು. ಇದ್ದ ಒಂದೇ ಸ್ಪೂಲಿನ ಮೇಲೆ ಹೊಸದನ್ನು ತುಂಬಿದರೆ ಹಳೆಯದು ಅಳಿಯುತ್ತದೆ. ಅದು ನನಗೆ ಹೊಳೆಯಲಿಲ್ಲ.

ಮೊನ್ನೆ ರೆಕಾರ್ಡರನ್ನು ಮನೆಗೆ ತಂದು ಪಡಸಾಲೆಯಲ್ಲಿ ಎಲ್ಲರಿಗೂ ಕೇಳಿಸಿದರು. ನನ್ನ ಸಾಲು ಇವರ ದನಿಯಲ್ಲಿ ಬಂತು. ಯಾಕೆಂದು ಕೇಳಿದವರು ಅತ್ತೆ.

"ಯಾಕೋ, ಇದರಾಗ ಭಾಮನ ದನಿ ಇಲ್ಲಲ್ಲ?"

"ಆಕಿ ಹಾಡಿದ್ದು ನಿನಗ ಹ್ಯಾಂಗ ಗೊತ್ತಮ್ಮಾ?"

"ದಿನಾ ಮಾಳಿಗಿ ಮ್ಯಾಲೆ ಹಾಡಿದ್ದು ಕೆಳಗ ಕೇಳಂಗಿಲ್ಲೇನು? ಗಿಟಾರ ಹೊತ್ಕೊಂಡು ಹನುಮಪ್ಪನ ಗುಡಿಗೆ ಯಾರು ಹೋಗ್ತಾರೋ?"

"ರೇಡಿಯೋದಾಗ ಹೆಸರು ಹೇಳ್ತಾರ, ಮಂದಿ ಮಾತಾಡ್ತಾರ, ನಿನಗ ಬ್ಯಾಸರಾಗ್ತದಂತ ತೆಗದೆ."

"ನನ್ನ ಒಂದು ಮಾತು ಕೇಳಿದ್ದೇನು?"

ಇವರು ರೆಕಾರ್ಡರಿನ ಗುಂಡಿ ಒತ್ತಿ ಚಕ್ರ ನಿಲ್ಲಿಸಿದರು. ಹಾಡು ಈಗಲೂ ಬೆರಗು ಹುಟ್ಟಿಸುವಷ್ಟು ಚೆಂದವಿದೆ, ನನಗೆ ಕಷ್ಟವಾಗುವುದೇ ಅದರಿಂದ. ಅತ್ತೆ ಹೇಳುವ ಹಾಗೆ, ನಾನು ಆ ಸಾಲಿನ ಕೊನೆಯನ್ನು ಕೆಳಕ್ಕೆ ಇಳಿಸಿ ಮುಗಿಸುತ್ತಿದ್ದೆನಂತೆ, ಇವರು ಮೇಲಕ್ಕೆ ಒಯ್ಯುತ್ತಾರೆ. ಅತ್ತೆ ನನ್ನ ಕಡೆ ತಿರುಗಿ, "ನೀ ಹಾಡವಾ, ನಾ ಕೇಳ್ತೀನಿ" ಎಂದರು. ಹಾಡಿದೆ. ಬಂದದ್ದು ಇವರು ಹಾಡಿದ ರೀತಿ, ಮೇಲಕ್ಕೇ ಹೋಯಿತು. ಆಗಿನಿಂದ ನೀರು ಸೇದುವಾಗ, ಅಕ್ಕಿ ಆರಿಸುವಾಗ ಹುಡುಕುತ್ತಲೇ ಇದ್ದೇನೆ. ನಾನು ಅದನ್ನು ಹೇಗೆ ಇಳಿಸುತ್ತಿದ್ದೆ? ನೀನು ಆ ಟೇಪು ಕೇಳಿಲ್ಲ, ನಿನ್ನನ್ನೂ ಕೇಳುವ ಹಾಗಿಲ್ಲ.